ನುಂಗುವ ಕಲ್ಪನೆಯ ಮೋಹ: ಮೂಲ ಏನು?

ಮನುಷ್ಯರನ್ನು ತಿನ್ನುವ ಅಥವಾ ತಾನೇ ಆಹಾರವಾಗುವ ಕಲ್ಪನೆ ಕೆಲವರ ಕಾಮವನ್ನು ಕೆರಳಿಸುವುದೇಕೆ ಎಂಬುದು ಪ್ರಶ್ನೆ. ಇದರ ಹೆಸರು ವೊರಾರೆಫಿಲಿಯಾ. ‘ನುಂಗು’ ಎಂಬ ಅರ್ಥದ ಲ್ಯಾಟಿನ್ ಪದದಿಂದ ಬಂದದ್ದು. ನುಂಗುವ ಕಥೆಗಳೇನೋ ಹಳೆಯವು: ಗ್ರೀಕ್ ಪುರಾಣದಲ್ಲಿ ಜ್ಯೂಸ್ ಹೆಂಡತಿ ಮೆಟಿಸ್‌ಳನ್ನೇ ನುಂಗುತ್ತಾನೆ. ಆದರೆ ಇಂಥ ಆಸಕ್ತಿಯವರು ಗುಂಪಾಗಿ ಸೇರಿದ್ದು ಇಂಟರ್‌ನೆಟ್ ಬಂದ ಮೇಲೆ.

ಹೆಸರು ಕೇಳಿದರೆ ರಕ್ತಪಾತ ನೆನಪಾಗುತ್ತೆ, ಅಲ್ವಾ? ಎಷ್ಟೋ ಕಥೆ, ಚಿತ್ರಗಳಲ್ಲಿ ಅದು ಇರುವುದೇ ಇಲ್ಲ, ಇಡಿಯಾಗಿ ನುಂಗುವುದಷ್ಟೇ. ತಿರುಳು ಅಧಿಕಾರ ಮತ್ತು ಶರಣಾಗತಿ. ಕೆಲವರಿಗೆ ಇನ್ನೊಬ್ಬರೊಳಗೆ ಪೂರ್ತಿ ಕರಗುವ ಆಸೆ. 2014ರಲ್ಲಿ ಪ್ರಕಟವಾದ ಒಂದು ಪ್ರಕರಣ ಅಧ್ಯಯನವೂ ಇದನ್ನು ಶರಣಾಗತಿಯ ಸುಖದ ಜೊತೆಗೇ ಜೋಡಿಸಿ ನೋಡಿತು.

ಬಹುಪಾಲು ಇದು ಸುಮ್ನೆ ಕಲ್ಪನೆಯಲ್ಲೇ ಉಳಿಯುತ್ತದೆ. ಆದರೆ 2001ರಲ್ಲಿ ಜರ್ಮನಿಯಲ್ಲಿ ಒಬ್ಬ ನಿಜವಾಗಿಯೇ ಇನ್ನೊಬ್ಬನನ್ನು ಕೊಂದು ತಿಂದ. ಸತ್ತವನ ಒಪ್ಪಿಗೆ ಇದ್ದರೂ 2006ರಲ್ಲಿ ಕೊಂದವನಿಗೆ ಜೀವಾವಧಿ ಶಿಕ್ಷೆಯಾಯಿತು.