2 ಲಕ್ಷಕ್ಕೆ 20 ಟ್ಯಾಬ್ಲೆಟ್ ಬೇಡ ಅಣ್ಣ: ಶಾಲೆಗೆ ಏನು ಕೊಡಬೇಕು ಎಂಬ ಪ್ರಶ್ನೆಗೆ ನನ್ನ ಉತ್ತರ

ಅಣ್ಣ, ನಿಮ್ಮ ಪ್ರಶ್ನೆಯನ್ನು ನಿನ್ನೆ ರಾತ್ರಿಯೇ ಓದಿದೆ. ನಾಲ್ಕು ಸಾಲಿನಲ್ಲಿ ಮುಗಿಸುವ ವಿಷಯ ಇದಲ್ಲ ಎನಿಸಿ, ಇವತ್ತು ಶಾಲೆ ಬಿಟ್ಟ ಮೇಲೆ ಕುಳಿತು ಬರೆಯುತ್ತಿದ್ದೇನೆ. ಪಾಂಡವಪುರದ ಹತ್ತಿರದ ನಿಮ್ಮ ಊರಿನ ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಗಾಗಿ ಹಳೆಯ ವಿದ್ಯಾರ್ಥಿಗಳೆಲ್ಲ ಕಬ್ಬಿನ ಬಿಲ್ ಬಂದ ಹೊತ್ತಿನಲ್ಲಿ 2 ಲಕ್ಷ ರೂಪಾಯಿ ಕೂಡಿಸಿದ್ದೀರಿ. ಮಕ್ಕಳು 68, ಶಿಕ್ಷಕರು ನಾಲ್ವರು. ಅರ್ಧ ಜನ 20 ಟ್ಯಾಬ್ಲೆಟ್ ಕೊಡಿಸೋಣ ಎನ್ನುತ್ತಾರೆ. ಇನ್ನರ್ಧ ಜನ ಕಂಪನಿಯೊಂದರ ಪ್ರತಿನಿಧಿ ತೋರಿಸಿದ, ಪಾಠಗಳಿಗೆ ವರ್ಷದ ಚಂದಾ ಕಟ್ಟುವ ಸ್ಮಾರ್ಟ್ ಕ್ಲಾಸ್ ಒಪ್ಪಂದವೇ ಒಳ್ಳೆಯದು ಎನ್ನುತ್ತಾರೆ. ನಮ್ಮ ಈ ಕಬ್ಬು ಬೆಳೆಗಾರರ ಗುಂಪಿನಲ್ಲಿ ಶಿಕ್ಷಕರು ಯಾರಾದರೂ ಇದ್ದರೆ ಹೇಳಿ ಎಂದಿರಿ. ನಾನು ಮದ್ದೂರು ತಾಲ್ಲೂಕಿನ ಪ್ರೌಢಶಾಲೆಯೊಂದರಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಮನೆಯಲ್ಲಿ ಎರಡು ಎಕರೆ ಕಬ್ಬಿರುವುದರಿಂದ ಈ ಗುಂಪಿನಲ್ಲಿದ್ದೇನೆ.

ಮೊದಲಿಗೆ ಒಂದು ಮಾತು. ನಿಮ್ಮ ಬರಹದಲ್ಲಿ ಹಣ ಕೊಟ್ಟವರ ಅಭಿಪ್ರಾಯ ಇದೆ, ಕಂಪನಿಯ ಅಭಿಪ್ರಾಯವೂ ಇದೆ. ಆ ನಾಲ್ವರು ಶಿಕ್ಷಕರು ಏನು ಹೇಳಿದರು ಎಂಬುದು ಎಲ್ಲಿಯೂ ಇಲ್ಲ. ದಯವಿಟ್ಟು ಒಂದು ಸಂಜೆ ಅವರೊಡನೆ ಕುಳಿತುಕೊಳ್ಳಿ. ಯಾವ ಪಾಠ ಹೇಳುವಾಗ ಮಕ್ಕಳಿಗೆ ತಿಳಿಸುವುದು ಕಷ್ಟವಾಗುತ್ತದೆ ಎಂದು ಕೇಳಿ. ಯಾವ ಯಂತ್ರ ಬೇಕು ಎಂದು ಮಾತ್ರ ಕೇಳಬೇಡಿ. ಕಷ್ಟ ತಿಳಿದರೆ ಸಾಮಾನು ತಾನಾಗಿ ತಿಳಿಯುತ್ತದೆ. ಮಣ್ಣು ನೋಡದೆ ಗೊಬ್ಬರ ಸುರಿಯಬೇಡಿ ಎಂದು ಈ ಗುಂಪಿನಲ್ಲಿ ದಿನವೂ ಹೇಳುವವರು ನಾವೇ ಅಲ್ಲವೇ?

ಟ್ಯಾಬ್ಲೆಟ್ ಬೇಡ ಎಂದು ನಾನು ಗಟ್ಟಿಯಾಗಿ ಹೇಳುತ್ತೇನೆ. 40 ನಿಮಿಷದ ಒಂದು ಅವಧಿಯಲ್ಲಿ 20 ಟ್ಯಾಬ್ಲೆಟ್ ಹಂಚಿ, ಆನ್ ಮಾಡಿಸಿ, ಒಂದೇ ಪುಟಕ್ಕೆ ಎಲ್ಲರನ್ನೂ ತರುವಷ್ಟರಲ್ಲಿ ಕಾಲು ಭಾಗ ಕಳೆದಿರುತ್ತದೆ. ಕೊನೆಗೆ ಎಣಿಸಿ ತೆಗೆದಿಡಬೇಕು. 20ಕ್ಕೂ ಚಾರ್ಜ್ ಹಾಕುವವರು ಯಾರು? ಒಬ್ಬೊಬ್ಬ ಶಿಕ್ಷಕರು ಎರಡೆರಡು ತರಗತಿ ನೋಡಿಕೊಳ್ಳುವ ಶಾಲೆ ಅದು. ಹಾಜರಾತಿ, ಬಿಸಿಯೂಟದ ಲೆಕ್ಕ, ಇಲಾಖೆ ಕೇಳುವ ಮಾಹಿತಿ ಎಲ್ಲವೂ ಈಗಾಗಲೇ ಅವರ ತಲೆಯ ಮೇಲಿವೆ. ಎರಡು ಮೂರು ವರ್ಷಕ್ಕೆ ಬ್ಯಾಟರಿ ಉಬ್ಬುತ್ತದೆ. ಗಾಜು ಒಡೆದರೆ ಬದಲಾಯಿಸುವ ಖರ್ಚಿಗೆ ಇನ್ನಷ್ಟು ಸೇರಿಸಿದರೆ ಹೊಸದೇ ಬರುತ್ತದೆ.

ಪೆರು ದೇಶವು ಮಗುವಿಗೊಂದು ಲ್ಯಾಪ್‌ಟಾಪ್ ಎಂಬ ಯೋಜನೆಯಲ್ಲಿ ಲಕ್ಷಾಂತರ ಯಂತ್ರಗಳನ್ನು ಶಾಲೆಗಳಿಗೆ ಹಂಚಿತು. ಅಲ್ಲಿನ ಹಳ್ಳಿಗಾಡಿನ 319 ಪ್ರಾಥಮಿಕ ಶಾಲೆಗಳನ್ನು ಹೋಲಿಸಿ ನೋಡಿದ ಅಧ್ಯಯನ 2012ರಲ್ಲಿ ಹೊರಬಂತು. ಗಣಿತದಲ್ಲಾಗಲಿ ಭಾಷೆಯಲ್ಲಾಗಲಿ ಯಂತ್ರ ಸಿಕ್ಕ ಮಕ್ಕಳು ಸಿಗದ ಮಕ್ಕಳಿಗಿಂತ ಮುಂದೆ ಹೋಗಿರಲಿಲ್ಲ. ಇನ್ನೊಂದು ಕಡೆ, ದೆಹಲಿಯಲ್ಲಿ ಶಾಲೆಯ ನಂತರದ ಕೇಂದ್ರಗಳಲ್ಲಿ ಮಕ್ಕಳ ಮಟ್ಟಕ್ಕೆ ತಕ್ಕಂತೆ ಪ್ರಶ್ನೆ ಕೇಳುವ ತಂತ್ರಾಂಶ ಬಳಸಿದಾಗ ಗಣಿತದಲ್ಲಿಯೂ ಹಿಂದಿಯಲ್ಲಿಯೂ ಒಳ್ಳೆಯ ಫಲ ಬಂತು. ಆದರೆ ಅಲ್ಲಿ ದಿನಕ್ಕೆ 90 ನಿಮಿಷ, ವಾರಕ್ಕೆ ಆರು ದಿನ ಕೆಲಸ ನಡೆಯಿತು. ಅದರಲ್ಲಿ 45 ನಿಮಿಷ ಯಂತ್ರದ ಮುಂದೆ, ಉಳಿದ 45 ನಿಮಿಷ ಚಿಕ್ಕ ಗುಂಪುಗಳಲ್ಲಿ ಮನುಷ್ಯರೇ ಹೇಳಿಕೊಟ್ಟರು. ಯಂತ್ರಕ್ಕೆ ಕೊಟ್ಟಷ್ಟೇ ಹೊತ್ತನ್ನು ಮಗುವಿನ ಪಕ್ಕ ಕೂರುವುದಕ್ಕೂ ಕೊಟ್ಟಿದ್ದರು ಎಂಬುದನ್ನು ಕಂಪನಿಯ ಪ್ರತಿನಿಧಿಗಳು ಹೇಳುವುದಿಲ್ಲ.

ನಾನು ಹಿಂದೆ ಕೆಲಸ ಮಾಡಿದ ಶಾಲೆಯೊಂದರಲ್ಲಿ ಕಂಪ್ಯೂಟರ್ ಕೊಠಡಿ ಇತ್ತು. ಗುತ್ತಿಗೆ ಮುಗಿಯುವವರೆಗೆ ಹೇಳಿಕೊಡುವವರು ಬಂದರು, ಆಮೇಲೆ ಬರಲಿಲ್ಲ. ಮೊದಲು ಸತ್ತದ್ದು ಯುಪಿಎಸ್ ಬ್ಯಾಟರಿ. ನಂತರ ಇಲಿ ವೈರು ಕಡಿಯಿತು. ನಾನು ವರ್ಗವಾಗಿ ಹೊರಡುವ ದಿನ ಆ ಕೊಠಡಿಯ ಬಾಗಿಲು ತೆಗೆಸಿ ನೋಡಿದೆ. 11 ಕಂಪ್ಯೂಟರ್‌ಗಳ ಮೇಲೂ ಹೂವಿನ ಚಿತ್ರದ ಬಟ್ಟೆಯ ಹೊದಿಕೆ ನೀಟಾಗಿ ಹೊದೆಸಿತ್ತು, ಅದರ ಮೇಲೆ ಬೆರಳು ಎಳೆದರೆ ಗೆರೆ ಮೂಡುವಷ್ಟು ಧೂಳು. ಆ ನೋವು ಇನ್ನೂ ಹೋಗಿಲ್ಲ. ಅದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ.

ಹಾಗಾದರೆ ಏನು ಕೊಡಬೇಕು? ಶಾಲೆಯ ಒಂದು ಕೊಠಡಿಗೆ ಮಾತ್ರ ಒಂದು ದೊಡ್ಡ ಪರದೆ, ಅದರ ಜೊತೆಗೆ ಒಂದು ಲ್ಯಾಪ್‌ಟಾಪ್, ಮೇಜಿನ ಮೇಲಿನ ವಸ್ತುವನ್ನು ಪರದೆಗೆ ದಾಟಿಸುವ ಒಂದು ಸಣ್ಣ ಕ್ಯಾಮೆರಾ. ನನ್ನ ಅನುಭವದಲ್ಲಿ ಹೆಚ್ಚು ಕೆಲಸಕ್ಕೆ ಬಂದದ್ದು ಆ ಕ್ಯಾಮೆರಾ. ನಮ್ಮೂರಿನ ಬಡಗಿಯಿಂದ ಒಂದೂವರೆ ಅಡಿ ಎತ್ತರದ ಮರದ ಕಂಬ ಮಾಡಿಸಿ, ಯುಎಸ್‌ಬಿ ಕ್ಯಾಮೆರಾವನ್ನು ಕೆಳಮುಖವಾಗಿ ಅದಕ್ಕೆ ಕಟ್ಟಿದ್ದೇವೆ.

ಕಳೆದ ವರ್ಷ ಸಸ್ಯದ ಅಂಗಾಂಶದ ಪಾಠ ಮಾಡುವಾಗ ಕಬ್ಬಿನ ಜಲ್ಲೆಯ ಒಂದು ತುಂಡು ತಂದೆ. ಬ್ಲೇಡಿನಿಂದ ಬಿಲ್ಲೆಯಂತೆ ತೆಳ್ಳಗೆ ಕತ್ತರಿಸಿ ಕ್ಯಾಮೆರಾದ ಕೆಳಗಿಟ್ಟೆ. ಪರದೆಯ ಮೇಲೆ ಅದು ಊಟದ ತಟ್ಟೆಗಿಂತ ದೊಡ್ಡದಾಗಿ ಕಂಡಿತು. ಒಳಗೆಲ್ಲ ಚುಕ್ಕಿ ಚುಕ್ಕಿ. ಸಿಪ್ಪೆಯ ಹತ್ತಿರ ಒತ್ತೊತ್ತಾಗಿ, ನಡುವೆ ವಿರಳವಾಗಿ, ರಾಗಿ ಚೆಲ್ಲಿದ ಹಾಗೆ. ಪಕ್ಕದಲ್ಲೇ ತೊಗರಿ ಕಾಂಡದ ಬಿಲ್ಲೆ ಇಟ್ಟೆ. ಅಲ್ಲಿ ಚೆಲ್ಲಿದ ಚುಕ್ಕಿಗಳಿಲ್ಲ, ಬಳೆಯಂತೆ ಸುತ್ತು ಇದೆ. ಏಕದಳ, ದ್ವಿದಳ ಎಂದು ಹತ್ತು ವರ್ಷ ಕರಿಹಲಗೆಯ ಮೇಲೆ ಚಿತ್ರ ಬರೆದವಳು ನಾನು. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು, "ಮಿಸ್, ನಾವು ಕಬ್ಬು ಅಗಿದು ಉಗಿಯುವ ನಾರು ಈ ಚುಕ್ಕಿಗಳೇನಾ?" ಎಂದು ಕೇಳಿದಳು. ಹೌದು, ನೀರು ಮತ್ತು ಆಹಾರ ಸಾಗಿಸುವ ಆ ಕೊಳವೆಯ ಕಟ್ಟುಗಳೇ ನಾವು ಉಗಿಯುವ ನಾರು. ಜಲ್ಲೆ ಅಗಿಯುತ್ತಲೇ ಬೆಳೆದ ಮಗುವಿಗೆ ಆ ಪ್ರಶ್ನೆ ಹುಟ್ಟಿತಲ್ಲ, ಅದಕ್ಕಾಗಿ ನಾನು ಎಷ್ಟು ಬೇಕಾದರೂ ಖರ್ಚು ಮಾಡುತ್ತೇನೆ.

ಮರುದಿನ ಹುಡುಗನೊಬ್ಬ ತಮ್ಮ ಗದ್ದೆಯ ಒಣಗಿದ ಜಲ್ಲೆಯೊಂದನ್ನು ತಂದ. ಉದ್ದಕ್ಕೆ ಸೀಳಿ ಇಟ್ಟಾಗ ಒಳಗೆ ಕೆಂಪು, ಕೆಂಪಿನ ನಡುವೆ ಅಡ್ಡಡ್ಡ ಬಿಳಿ ಮಚ್ಚೆ. ಕೆಂಪು ಕೊಳೆ ರೋಗದ ಗುರುತು ಅದೇ ಎಂದು ಇಲ್ಲಿರುವ ಎಲ್ಲರಿಗೂ ಗೊತ್ತು. ಆ ತಾಕಿನಿಂದ ಬಿತ್ತನೆ ತುಂಡು ತೆಗೆದುಕೊಳ್ಳಬಾರದು ಎಂದು ಆ ಹುಡುಗನೇ ಮನೆಗೆ ಹೋಗಿ ಅಪ್ಪನಿಗೆ ಹೇಳಿದ. ಈ ಪಾಠಕ್ಕೆ ಇಂಟರ್‌ನೆಟ್ ಬೇಕಾಗಲಿಲ್ಲ, ವರ್ಷದ ಚಂದಾ ಬೇಕಾಗಲಿಲ್ಲ.

ಈಗ ಪರದೆಯ ಅಳತೆ. ಇದರಲ್ಲಿ ಬಹಳ ಶಾಲೆಗಳು ತಪ್ಪುತ್ತವೆ, ಸ್ವಲ್ಪ ನಿಧಾನವಾಗಿ ಓದಿ. ಕೊನೆಯ ಸಾಲಿನ ಮಗು ಪರದೆಯ ಎತ್ತರದ ಆರು ಪಟ್ಟಿಗಿಂತ ದೂರ ಕೂರಬಾರದು, ಕೂತರೆ ಅಕ್ಷರ ಓದಲಾಗುವುದಿಲ್ಲ. 43 ಇಂಚಿನ ಟಿ.ವಿ.ಯ ಎತ್ತರ ಸುಮಾರು 21 ಇಂಚು, ಅದು ಹತ್ತೂವರೆ ಅಡಿಯವರೆಗೆ ಸಾಕು. 55 ಇಂಚಿನದು 27 ಇಂಚು ಎತ್ತರ, ಹದಿಮೂರೂವರೆ ಅಡಿ. 65 ಇಂಚಿನದು 32 ಇಂಚು, 16 ಅಡಿ. 20 ಅಡಿ ಉದ್ದದ ಕೊಠಡಿಯಲ್ಲಿ ಮುಂದೆ ನಾಲ್ಕೈದು ಅಡಿ ಬಿಟ್ಟರೆ ಕೊನೆಯ ಮಗು 15–16 ಅಡಿಗೆ ಬರುತ್ತದೆ. ಆದ್ದರಿಂದ 65 ಇಂಚು ತೆಗೆದುಕೊಳ್ಳಿ. ಹಣ ಉಳಿಸಲು 43 ಇಂಚಿನ ಎರಡು ತಂದು ಎರಡು ಕೊಠಡಿಗೆ ಹಾಕಿದರೆ ಎರಡರಲ್ಲಿಯೂ ಹಿಂದಿನ ಸಾಲಿನವರಿಗೆ ನಷ್ಟ.

ಪ್ರೊಜೆಕ್ಟರ್ ಅಗ್ಗವೆಂದು ಯಾರಾದರೂ ಹೇಳಬಹುದು. ಕಿಟಕಿ ಮುಚ್ಚಿ ಕತ್ತಲೆ ಮಾಡಬೇಕು. ಕತ್ತಲೆಯಲ್ಲಿ ಮಕ್ಕಳು ಪುಸ್ತಕದಲ್ಲಿ ಬರೆಯಲಾರರು, ಬೇಸಿಗೆಯಲ್ಲಿ ಸೆಕೆ ತಡೆಯಲಾಗುವುದಿಲ್ಲ. ಒಕ್ಕಣೆ ಕಾಲದ ಧೂಳು ಅದರ ಫಿಲ್ಟರ್‌ಗೆ ತುಂಬಿದರೆ ಬಿಸಿಯಾಗಿ ತಾನೇ ನಿಂತುಬಿಡುತ್ತದೆ. ಮುಟ್ಟಿದರೆ ಬರೆಯುವ ದೊಡ್ಡ ಫಲಕಗಳು ಒಳ್ಳೆಯವೇ, ಆದರೆ ಅದೊಂದಕ್ಕೇ ನಿಮ್ಮ ಅರ್ಧಕ್ಕಿಂತ ಹೆಚ್ಚು ಹಣ ಹೋಗುತ್ತದೆ. ಕರಿಹಲಗೆಯನ್ನು ಮಾತ್ರ ಯಾವ ಕಾರಣಕ್ಕೂ ಕೀಳಿಸಬೇಡಿ. ಟಿ.ವಿ.ಯನ್ನು ಅದರ ಪಕ್ಕಕ್ಕೆ ಹಾಕಿಸಿ. ಪರದೆಯಲ್ಲಿ ನೋಡಿದ್ದನ್ನು ಕರಿಹಲಗೆಯ ಮೇಲೆ ಬಿಡಿಸಿ ಹೇಳಿದಾಗಲೇ ಮಕ್ಕಳ ಪುಸ್ತಕಕ್ಕೆ ಇಳಿಯುತ್ತದೆ. ಕಿಟಕಿಯ ಎದುರು ಗೋಡೆಗೂ ಹಾಕಬೇಡಿ, ಗಾಜಿನಲ್ಲಿ ಕಿಟಕಿಯೇ ಕಾಣುತ್ತದೆ.

ಕರೆಂಟ್ ವಿಷಯ ನಮಗೆಲ್ಲ ಗೊತ್ತಿರುವುದೇ. ಗದ್ದೆಯಲ್ಲಿ ಪಂಪ್‌ಸೆಟ್‌ಗಳೆಲ್ಲ ಒಟ್ಟಿಗೆ ಓಡುವಾಗ ಶಾಲೆಯ ಟ್ಯೂಬ್‌ಲೈಟ್ ಹೇಗೆ ಮಂಕಾಗುತ್ತದೆ ನೋಡಿದ್ದೀರಿ. 65 ಇಂಚಿನ ಟಿ.ವಿ.ಗೆ ಸುಮಾರು 150 ವಾಟ್, ಲ್ಯಾಪ್‌ಟಾಪ್‌ಗೆ 50 ಎಂದಿಟ್ಟುಕೊಳ್ಳಿ. 12 ವೋಲ್ಟ್, 150 ಆಂಪಿಯರ್ ಅವರ್ ಬ್ಯಾಟರಿಯಲ್ಲಿ ಲೆಕ್ಕಕ್ಕೆ 1,800 ವಾಟ್ ಅವರ್ ಇರುತ್ತದೆ. ಬ್ಯಾಟರಿ ಬಾಳಬೇಕಾದರೆ ಅರ್ಧ ಮಾತ್ರ ಬಳಸಬೇಕು, ಅಂದರೆ ನಾಲ್ಕು ಗಂಟೆಯ ಹತ್ತಿರ. ದಿನದ ಪಾಠಕ್ಕೆ ಅದು ಧಾರಾಳ. ಸೈನ್ ವೇವ್ ಇನ್ವರ್ಟರನ್ನೇ ತೆಗೆದುಕೊಳ್ಳಿ. ಹಳೆಯ ಕಟ್ಟಡವಾದರೆ ಮೊದಲು ಅರ್ಥಿಂಗ್ ನೋಡಿಸಿ, ಗುಂಡಿ ತೆಗೆದು ಹೊಸದಾಗಿ ಮಾಡಿಸಬೇಕಾದರೆ ಮಾಡಿಸಿ. ಮಕ್ಕಳು ಓಡಾಡುವ ಜಾಗ, ಇದರಲ್ಲಿ ಜಿಪುಣತನ ಸಲ್ಲದು. ಚಿತ್ತಾ, ಸ್ವಾತಿ ಮಳೆಯ ಗುಡುಗಿನ ದಿನಗಳಲ್ಲಿ ಪ್ಲಗ್ ಕೀಳುವ ಅಭ್ಯಾಸ ಬೇಕು. ಭರಣಿ ಮಳೆ ಬರುವ ಹೊತ್ತಿಗೆ ಹೇಗೂ ಬೇಸಿಗೆ ರಜೆ. ಆಗ ಟಿ.ವಿ.ಯ ಪ್ಲಗ್ ತೆಗೆದಿಟ್ಟರೂ ಬ್ಯಾಟರಿಯನ್ನು ಎರಡು ತಿಂಗಳು ಹಾಗೆಯೇ ಬಿಡಬೇಡಿ, ಸತ್ತುಹೋಗುತ್ತದೆ. ಹದಿನೈದು ದಿನಕ್ಕೊಮ್ಮೆ ಚಾರ್ಜ್ ನೋಡಿ ಡಿಸ್ಟಿಲ್ಡ್ ವಾಟರ್ ಹಾಕುವ ಕೆಲಸವನ್ನು ನಿಮ್ಮಲ್ಲೇ ಒಬ್ಬರು ವಹಿಸಿಕೊಳ್ಳಿ. ಟ್ರ್ಯಾಕ್ಟರ್ ಬ್ಯಾಟರಿ ನೋಡಿಕೊಳ್ಳುವವರಿಗೆ ಇದು ಕಷ್ಟವಲ್ಲ.

ಪಾಠದ ಸಾಮಗ್ರಿಗೆ ಚಂದಾ ಕಟ್ಟುವ ಅಗತ್ಯವೇ ಇಲ್ಲ. ನಮ್ಮ ಪಠ್ಯಪುಸ್ತಕಗಳಲ್ಲಿ ಮುದ್ರಿಸಿರುವ ಕ್ಯೂಆರ್ ಕೋಡ್ ಹಿಡಿದರೆ ಸರ್ಕಾರದ ದೀಕ್ಷಾ ಎಂಬ ಜಾಲ ವೇದಿಕೆಯಲ್ಲಿ ವಿಡಿಯೊ ಸಿಗುತ್ತದೆ, ಹಿಂದಿನ ರಾತ್ರಿಯೇ ಇಳಿಸಿಟ್ಟುಕೊಂಡರೆ ಶಾಲೆಯಲ್ಲಿ ಸಿಗ್ನಲ್ ಬೇಡ. ಕೊರೊನಾ ಕಾಲದಲ್ಲಿ ಚಂದನ ವಾಹಿನಿಯಲ್ಲಿ ಬಂದ ಸಂವೇದ ಪಾಠಗಳಿವೆ. ಗಣಿತಕ್ಕೆ ಜಿಯೋಜಿಬ್ರಾ ಎಂಬ ತಂತ್ರಾಂಶ ಉಚಿತ. ತ್ರಿಭುಜದ ಒಂದು ಮೂಲೆ ಹಿಡಿದು ಎಳೆದಾಗ ಮೂರು ಕೋನಗಳೂ ಬದಲಾಗುತ್ತಾ ಮೊತ್ತ ಮಾತ್ರ 180 ಡಿಗ್ರಿಯಲ್ಲೇ ನಿಲ್ಲುವುದನ್ನು ಮಕ್ಕಳು ಕಣ್ಣಾರೆ ನೋಡಬೇಕು. ಕೊಲೊರಾಡೊ ವಿಶ್ವವಿದ್ಯಾಲಯದವರು ಮಾಡಿರುವ, ಪರದೆಯ ಮೇಲೆಯೇ ಮಾಡಿ ನೋಡುವ ಫೆಟ್ ಪ್ರಯೋಗಗಳಲ್ಲಿ ಕೆಲವು ಕನ್ನಡದಲ್ಲಿಯೇ ಇವೆ. ಶಿಕ್ಷಕರಿಗಾಗಿ ಕನ್ನಡದಲ್ಲಿ ಕೆಓಇಆರ್ ಎಂಬ ಮುಕ್ತ ಸಂಪನ್ಮೂಲ ತಾಣವಿದೆ. ಲ್ಯಾಪ್‌ಟಾಪ್‌ಗೆ ವಿಂಡೋಸ್ ಬದಲು ಉಬುಂಟು ಎಂಬ ಉಚಿತ ವ್ಯವಸ್ಥೆ ಹಾಕಿಸಿದರೆ ತಂತ್ರಾಂಶಕ್ಕೂ ದುಡ್ಡಿಲ್ಲ. ಕನ್ನಡ ಯೂನಿಕೋಡ್ ಟೈಪಿಂಗ್ ಮಾತ್ರ ಮೊದಲ ದಿನವೇ ಹಾಕಿಸಿಕೊಡಿ, ಮಕ್ಕಳು ತಮ್ಮ ಹೆಸರನ್ನು ಕನ್ನಡದಲ್ಲಿ ಪರದೆಯ ಮೇಲೆ ನೋಡಲಿ. ಸ್ಪೀಕರ್ ಸ್ವಲ್ಪ ಒಳ್ಳೆಯದನ್ನೇ ಕೊಳ್ಳಿ. ಟಿ.ವಿ.ಯ ಸ್ವಂತ ಧ್ವನಿ ಹೆಂಚಿನ ಕೊಠಡಿಯಲ್ಲಿ ಮಳೆ ಬಂದರೆ ಕೇಳಿಸುವುದೇ ಇಲ್ಲ.

ಒಂದರಿಂದ ಮೂರನೆಯ ತರಗತಿಯ ಮಕ್ಕಳಿಗೆ ಪರದೆಯ ಗೊಡವೆ ಕಡಿಮೆ ಇರಲಿ ಎಂಬುದು ನನ್ನ ನಿಲುವು. ಅವರಿಗೆ ನಲಿ-ಕಲಿ ಕಾರ್ಡುಗಳಿವೆ. ಆ ಪದ್ಧತಿ ಹುಟ್ಟಿದ್ದು ನಮ್ಮ ಪಕ್ಕದ ಎಚ್.ಡಿ. ಕೋಟೆಯಲ್ಲಿ, 1995ರಲ್ಲಿ. ಮಗು ತನ್ನ ವೇಗದಲ್ಲಿ ಏಣಿಯ ಮೆಟ್ಟಿಲು ಹತ್ತುವಂತೆ ಒಂದೊಂದೇ ಕಾರ್ಡು ಮುಗಿಸುತ್ತಾ ಹೋಗುತ್ತದೆ. ದೆಹಲಿಯ ತಂತ್ರಾಂಶ ಮಾಡಿದ್ದೂ ಮೂಲದಲ್ಲಿ ಇದನ್ನೇ. ನಿಮ್ಮ ಶಾಲೆಯ ಕಾರ್ಡುಗಳು ಹರಿದಿದ್ದರೆ ಅವನ್ನು ಲ್ಯಾಮಿನೇಷನ್ ಮಾಡಿಸಿಕೊಡಿ, ಎರಡು ಮೂರು ಸಾವಿರದಲ್ಲಿ ಆಗುವ ಈ ಕೆಲಸಕ್ಕೆ ಟಿ.ವಿ.ಯಷ್ಟೇ ಬೆಲೆಯಿದೆ.

ಲೆಕ್ಕ ಹೀಗೆ ಬರಬಹುದು, ಅಂಗಡಿಯಲ್ಲಿ ಹೆಚ್ಚು ಕಡಿಮೆ ಆಗುತ್ತದೆ. ಟಿ.ವಿ.ಗೆ 60 ಸಾವಿರ, ಲ್ಯಾಪ್‌ಟಾಪ್‌ಗೆ 40, ಇನ್ವರ್ಟರ್ ಮತ್ತು ಬ್ಯಾಟರಿಗೆ 25, ವೈರಿಂಗ್ ಮತ್ತು ಅರ್ಥಿಂಗ್‌ಗೆ 10, ಕ್ಯಾಮೆರಾ, ಸ್ಪೀಕರ್, ಸ್ಟ್ಯಾಂಡ್ ಎಲ್ಲಕ್ಕೂ 10. ಒಟ್ಟು 1 ಲಕ್ಷದ 45 ಸಾವಿರ. ಕಾರ್ಡುಗಳ ಖರ್ಚು ಕಳೆದರೂ 50 ಸಾವಿರ ಉಳಿಯುತ್ತದೆ. ಅದನ್ನು ದಯವಿಟ್ಟು ಖರ್ಚು ಮಾಡಿಬಿಡಬೇಡಿ. ನಾಲ್ಕನೆಯ ವರ್ಷ ಬ್ಯಾಟರಿ ಬದಲಿಸಲು, ಕೇಬಲ್ ಕೊಳ್ಳಲು, ಲ್ಯಾಪ್‌ಟಾಪ್ ರಿಪೇರಿಗೆ ಅದು ಶಾಲಾಭಿವೃದ್ಧಿ ಸಮಿತಿಯ (ಎಸ್‌ಡಿಎಂಸಿ) ಖಾತೆಯಲ್ಲಿ ಇರಲಿ. ಆ ಧೂಳು ಹಿಡಿದ ಕೊಠಡಿಗೆ ಇಂಥ ಹಣ ಇದ್ದಿದ್ದರೆ ಅದು ಮುಚ್ಚುತ್ತಿರಲಿಲ್ಲ.

ಕೊಡುವಾಗ ಬಾಯಿಮಾತಿನಲ್ಲಿ ಕೊಡಬೇಡಿ. ಎಸ್‌ಡಿಎಂಸಿ ಸಭೆಯಲ್ಲಿ ನಿರ್ಣಯ ಆಗಲಿ, ಬಿಲ್ ಶಾಲೆಯ ಹೆಸರಿನಲ್ಲಿ ಇರಲಿ, ದಾಸ್ತಾನು ವಹಿಯಲ್ಲಿ ಏರಿಸಲಿ. ಕೇಂದ್ರ ಸರ್ಕಾರದ ವಿದ್ಯಾಂಜಲಿ ಜಾಲತಾಣದ ಮೂಲಕವೂ ಕೊಡಬಹುದು. ಟಿ.ವಿ.ಗೆ ಬೀಗ ಹಾಕುವ ಕಬ್ಬಿಣದ ಚೌಕಟ್ಟು ಮಾಡಿಸಿ, ಆದರೆ ಆ ಬೀಗದ ಕೀಲಿ ನಾಲ್ವರು ಶಿಕ್ಷಕರ ಬಳಿಯೂ ಒಂದೊಂದು ಇರಲಿ. ಒಂದೇ ಕೀಲಿ ಇದ್ದರೆ ಅದನ್ನು ಇಟ್ಟುಕೊಂಡವರು ರಜೆ ಹಾಕಿದ ದಿನ ಪರದೆಗೂ ರಜೆ.

ಶಿಕ್ಷಕರಿಗೆ ಕೈಪಳಗಲು ಎರಡು ಮೂರು ಸಂಜೆ ಬೇಕು. ದಸರಾ ರಜೆಗೆ ಮುಂಚಿನ ಯಾವುದಾದರೂ ಶನಿವಾರ ಮಧ್ಯಾಹ್ನ ಅವರನ್ನು ನಮ್ಮ ಶಾಲೆಗೆ ಕರೆದುಕೊಂಡು ಬನ್ನಿ. ನಮ್ಮ ಕ್ಯಾಮೆರಾ ಕಂಬವನ್ನು ಅವರೇ ಕೈಯಾರೆ ಬಳಸಿ ನೋಡಲಿ, ಬಡಗಿಗೆ ಕೊಡಲು ಅಳತೆ ಬರೆದುಕೊಳ್ಳಲಿ. ನೀವು ಬರುವಾಗ ನಿಮ್ಮ ಶಾಲೆಯ ದೊಡ್ಡ ಕೊಠಡಿಯ ಉದ್ದ, ಅಗಲ, ಕಿಟಕಿಗಳು ಯಾವ ಗೋಡೆಯಲ್ಲಿವೆ ಎಂಬುದನ್ನು ಟೇಪ್ ಹಿಡಿದು ಅಳೆದು ಒಂದು ಕಾಗದದ ಮೇಲೆ ಗೆರೆ ಎಳೆದು ತನ್ನಿ. ಟಿ.ವಿ. ಎಲ್ಲಿಗೆ ಬರಬೇಕು ಎಂದು ಅಲ್ಲಿಯೇ ಕುಳಿತು ಗುರುತು ಮಾಡೋಣ.