ಕೇಳಿಸುತ್ತೆ, ಆದರೆ ಏನಂದ್ರೋ ಗೊತ್ತಾಗಲ್ಲ

ಈ ಸಲ ಬಂದ ಪತ್ರಗಳನ್ನು ಓದುತ್ತಾ ಹೋದಂತೆ ಐದು ಪತ್ರಗಳು ಹೆಚ್ಚು ಕಡಿಮೆ ಒಂದೇ ವಿಷಯ ಕೇಳುತ್ತಿವೆ ಅನ್ನಿಸಿತು: ಕಣ್ಣು, ಕಿವಿಗೆ ತಲುಪಿದ್ದು ಏನೆಂದು ನಮಗೆ ತಿಳಿಯುವುದು ಹೇಗೆ, ಕೆಲವು ಸಲ ತಿಳಿಯದೇ ಹೋಗುವುದು ಯಾಕೆ. ಒಂದು ಕಿವಿಯದು, ಒಂದು ನಾಲಿಗೆಯದು, ಎರಡು ಕಣ್ಣಿನವು, ಒಂದು ಚರ್ಮದ್ದು. ಎಲ್ಲವನ್ನೂ ಒಟ್ಟಿಗೆ ತೆಗೆದುಕೊಂಡಿದ್ದೇನೆ. ಮೊದಲನೆಯದಕ್ಕೆ ಜಾಸ್ತಿ ಜಾಗ ಕೊಟ್ಟಿದ್ದೇನೆ. ಅದರಲ್ಲಿ ಒಂದು ಮನೆಯ ನೆಮ್ಮದಿಯ ಪ್ರಶ್ನೆ ಇದೆ.

ಪ್ರಶ್ನೆ: ನಮ್ಮ ಮಾವನವರಿಗೆ 74 ವರ್ಷ. ಅಡುಗೆಮನೆಯಲ್ಲಿ ಪಾತ್ರೆ ಬಿದ್ದರೆ ಹಾಲ್‌ನಲ್ಲಿ ಕೂತಿದ್ದವರು ಬೆಚ್ಚಿಬೀಳುತ್ತಾರೆ. ಆದರೆ ನಾನು ‘ತಟ್ಟೆ ಇಟ್ಟಿದ್ದೀನಿ’ ಅಂದರೆ ‘ಕಟ್ಟೆ ಮೇಲೆ ಯಾರಿದ್ದಾರೆ?’ ಅಂತ ಕೇಳುತ್ತಾರೆ. ಜೋರಾಗಿ ಹೇಳಿದರೆ ‘ಯಾಕಮ್ಮಾ ಹಾಗೆ ಕಿರಿಚ್ತೀಯಾ’ ಅಂತ ಬೇಜಾರು ಮಾಡಿಕೊಳ್ಳುತ್ತಾರೆ. ‘ಅಪ್ಪನಿಗೆ ಬೇಕಾದ್ದು ಮಾತ್ರ ಕೇಳಿಸುತ್ತೆ, ಸುಮ್ನೆ ನಾಟಕ’ ಅನ್ನುತ್ತಾರೆ ನಮ್ಮೆಜಮಾನರು. ನಿಜವಾ?

ಉತ್ತರ: ನಾಟಕ ಅಲ್ಲ. ಈ ಮಾತನ್ನು ನಿಮ್ಮ ಯಜಮಾನರಿಗೆ ಇವತ್ತೇ ಓದಿ ಹೇಳಿ.

ನಮ್ಮಮ್ಮ ಕೊನೆಯ ವರ್ಷಗಳಲ್ಲಿ ಇದನ್ನೇ ಹೇಳುತ್ತಿದ್ದರು. ‘ನೀವು ಮಾತಾಡೋದು ಕೇಳಿಸುತ್ತೆ ಕಣೋ, ಆದರೆ ಏನಂದ್ರೋ ಗೊತ್ತಾಗಲ್ಲ.’ ಮನಃಶಾಸ್ತ್ರದ ಪುಸ್ತಕ ಸಂವೇದನೆ, ಗ್ರಹಿಕೆ ಅಂತ ಎರಡು ಅಧ್ಯಾಯ ಮಾಡಿ ಹೇಳುವುದನ್ನು ಅವರು ಒಂದೇ ಮಾತಿನಲ್ಲಿ ಹೇಳಿದ್ದರು. ಅದು ನನಗೆ ಹೊಳೆಯುವುದಕ್ಕೂ ಸ್ವಲ್ಪ ಕಾಲ ಬೇಕಾಯಿತು. ಸದ್ದು ಕಿವಿಗೆ ತಲುಪುವುದು ಸಂವೇದನೆ. ಅದು ‘ತಟ್ಟೆ’ ಎಂಬ ಮಾತಾಗಿ ತಿಳಿಯುವುದು ಗ್ರಹಿಕೆ. ಮೊದಲನೆಯದು ಇದ್ದೂ ಎರಡನೆಯದು ತಪ್ಪಬಹುದು.

ಅಮ್ಮನ ಕಿವಿ ಪರೀಕ್ಷೆ ಮಾಡಿದಾಗ ಗಾಜಿನ ಈಚೆ ನಿಂತು ನೋಡಿದ್ದೇನೆ. ಹೊರಗಿನ ಸದ್ದು ಬಾರದ ಚಿಕ್ಕ ಕೋಣೆ. ತಲೆಗೆ ಹೆಡ್‌ಫೋನ್, ಕೈಯಲ್ಲಿ ಒಂದು ಗುಂಡಿ. ಕುಂಯ್ ಅಂತ ಸದ್ದು ಕೇಳಿಸಿದರೆ ಒತ್ತಬೇಕು. ಒತ್ತಿದರೆ ಸದ್ದನ್ನು 10 ಡೆಸಿಬೆಲ್ ಇಳಿಸುತ್ತಾರೆ, ಒತ್ತದಿದ್ದರೆ 5 ಏರಿಸುತ್ತಾರೆ. ಹೀಗೆ ಇಳಿಸುತ್ತಾ ಏರಿಸುತ್ತಾ, ಎರಡು ಸಲ ಸದ್ದು ಬಿಟ್ಟರೆ ಒಂದು ಸಲವಾದರೂ ಕೇಳಿಸುವ ಅತಿ ಸಣ್ಣ ಮಟ್ಟವನ್ನು ಹಿಡಿಯುತ್ತಾರೆ. ಅದೇ ಆ ಕಿವಿಯ ಹೊಸ್ತಿಲು. ಅದಕ್ಕಿಂತ ಸಣ್ಣ ಸದ್ದು ಹೊರಗೇ ಉಳಿಯುತ್ತದೆ, ಒಳಗೆ ಬರುವುದಿಲ್ಲ. 250 ಹರ್ಟ್ಸ್‌ನ ಗಡಸು ಸದ್ದಿನಿಂದ 8000 ಹರ್ಟ್ಸ್‌ನ ಕೀಚು ಸದ್ದಿನವರೆಗೆ ಒಂದೊಂದಕ್ಕೂ ಬೇರೆ ಬೇರೆಯಾಗಿ ಅಳೆಯುತ್ತಾರೆ.

ವಿಷಯ ಇರುವುದೇ ಈ ‘ಬೇರೆ ಬೇರೆ’ಯಲ್ಲಿ. ವಯಸ್ಸಾದಂತೆ ಕಿವಿಯ ಹೊಸ್ತಿಲು ಎಲ್ಲ ಕಡೆ ಒಂದೇ ಸಮ ಏರುವುದಿಲ್ಲ. ಕೀಚು ಸದ್ದುಗಳಿಗೆ ಮೊದಲು ಏರುತ್ತದೆ. ನಮ್ಮ ಮಾತಿನಲ್ಲಿ ಅ, ಆ, ಎ, ಒ ಇಂಥ ಸ್ವರಗಳು ಗಡಸಾಗಿ, ಜೋರಾಗಿ ಇರುತ್ತವೆ. ತ, ಕ, ಚ, ಸ, ಶ ಇವೆಲ್ಲ ಸಣ್ಣ ಸದ್ದುಗಳು, ಅವುಗಳ ಗುರುತು ಇರುವುದೂ ಮೇಲಿನ ಹರ್ಟ್ಸ್‌ಗಳಲ್ಲೇ, ಅಂದರೆ ಕೀಚು ಸದ್ದಿನ ಕಡೆಯಲ್ಲೇ. ಮಾವನವರಿಗೆ ‘ಅಟ್ಟೆ’ ಅನ್ನುವಷ್ಟು ಚೆನ್ನಾಗಿ ಬಂದಿದೆ, ಮೊದಲಿನ ‘ತ’ ಹೊಸ್ತಿಲು ದಾಟಲಿಲ್ಲ. ಪಾತ್ರೆ ಬಿದ್ದಾಗ ಎಲ್ಲ ಥರದ ಸದ್ದೂ ಜೋರಾಗಿಯೇ ಬರುತ್ತದೆ, ಅದಕ್ಕೇ ಬೆಚ್ಚಿಬೀಳುತ್ತಾರೆ.

ಹಾಗಾದರೆ ‘ಕ’ ಎಲ್ಲಿಂದ ಬಂತು? ಅವರ ಮಿದುಳು ಹಾಕಿತು. ಇದು ನಮ್ಮೆಲ್ಲರ ಮಿದುಳೂ ದಿನವಿಡೀ ಮಾಡುವ ಕೆಲಸ. 1970ರಲ್ಲಿ ರಿಚರ್ಡ್ ವಾರೆನ್ ಎಂಬ ಅಮೆರಿಕದ ಮನಃಶಾಸ್ತ್ರಜ್ಞರು ಒಂದು ವಾಕ್ಯವನ್ನು ರೆಕಾರ್ಡ್ ಮಾಡಿ, ಒಂದು ಪದದ ನಡುವಿನ ಒಂದು ಸದ್ದನ್ನು ಪೂರ್ತಿ ಕತ್ತರಿಸಿ, ಆ ಜಾಗಕ್ಕೆ ಕೆಮ್ಮು ಸೇರಿಸಿ ಕೇಳಿಸಿದರು. ಕೇಳಿದವರಿಗೆ ಪದ ಪೂರ್ತಿಯಾಗಿಯೇ ಕೇಳಿಸಿತು. ಕೆಮ್ಮು ಎಲ್ಲಿ ಬಂತು ಅಂತ ಸರಿಯಾಗಿ ಹೇಳಲೂ ಆಗಲಿಲ್ಲ. ಚಿಕ್ಕವರ ಕಿವಿಗೆ ಎಲ್ಲೋ ಒಂದು ಅಕ್ಷರ ತಪ್ಪುತ್ತದೆ, ಹಾಗಾಗಿ ಊಹೆ ಸರಿಯಾಗುತ್ತದೆ, ಊಹಿಸಿದ್ದೇ ಗೊತ್ತಾಗುವುದಿಲ್ಲ. ಮಾವನವರಿಗೆ ಹತ್ತು ಅಕ್ಷರದಲ್ಲಿ ಮೂರು ನಾಲ್ಕು ತಪ್ಪಿದರೆ ಊಹೆ ಪಾಪ ಎಷ್ಟು ಅಂತ ಕೆಲಸ ಮಾಡೀತು? ಮನೆಯಲ್ಲಿ ನಾಲ್ಕು ಜನ ಒಟ್ಟಿಗೆ ಮಾತಾಡುವಾಗ ಅವರು ಎದ್ದು ಒಳಗೆ ಹೋಗುತ್ತಾರಾ ಗಮನಿಸಿ. ಅದು ಸಿಟ್ಟಲ್ಲ, ದಣಿವು.

ಕಿರಿಚಿದರೆ ಬೇಜಾರಾಗುವುದಕ್ಕೂ ಕಾರಣ ಇದೆ. ಕೇಳಿಸಲು ಶುರುವಾಗುವ ಮಟ್ಟ ಮೇಲೇರಿದೆ, ಆದರೆ ಸದ್ದು ಹಿಂಸೆ ಅನ್ನಿಸುವ ಮಟ್ಟ ಮೊದಲಿದ್ದಲ್ಲೇ ಇದೆ. ಎರಡರ ನಡುವಿನ ಜಾಗ ಕಿರಿದಾಗಿದೆ. ಜೋರು ಮಾಡಿದರೆ ಏರುವುದು ಸ್ವರಗಳೇ, ಬೇಕಾದ ‘ತ’ ಹಾಗೇ ಉಳಿಯುತ್ತದೆ.

ಮೊದಲು ಕಿವಿ ಡಾಕ್ಟರಿಗೆ ತೋರಿಸಿ. ಎಷ್ಟೋ ಸಲ ಗುಗ್ಗೆ ಕಟ್ಟಿಕೊಂಡಿರುತ್ತದೆ, ತೆಗೆದರೆ ಅರ್ಧ ತೊಂದರೆ ಮುಗಿಯುತ್ತದೆ. ಆಮೇಲೆ ನಾನು ಹೇಳಿದ ಪರೀಕ್ಷೆ. ನೀವು ಮೈಸೂರಿನ ಕಡೆಯವರು, ಮಾನಸಗಂಗೋತ್ರಿಯಲ್ಲೇ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ. ಕಿವಿಯ ಮಿಷನ್ ಹಾಕಿಸಿದರೆ ಮೊದಲ ಕೆಲವು ವಾರ ‘ಗಲಾಟೆ, ಬೇಡ’ ಅಂತಾರೆ. ಎಷ್ಟೋ ವರ್ಷ ಬರದಿದ್ದ ಸದ್ದುಗಳು ಒಮ್ಮೆಲೇ ಬಂದಿರುತ್ತವೆ, ಅವನ್ನು ಮತ್ತೆ ಜೋಡಿಸಿಕೊಳ್ಳಲು ಮಿದುಳಿಗೆ ಸಮಯ ಬೇಕು. ಡ್ರಾಯರ್‌ನಲ್ಲಿ ಇಟ್ಟುಬಿಡಲು ಬಿಡಬೇಡಿ. ಇನ್ನೊಂದು ಸಣ್ಣ ಕೆಲಸವನ್ನು ಇವತ್ತೇ ಶುರು ಮಾಡಬಹುದು. ಅಡುಗೆಮನೆಯಿಂದ ಕೂಗದೆ ಎದುರಿಗೆ ಬಂದು, ಮುಖ ಕಾಣುವಂತೆ, ‘ಊಟಕ್ಕೆ ಬನ್ನಿ ಮಾವ, ತಟ್ಟೆ ಇಟ್ಟಿದ್ದೀನಿ’ ಅನ್ನಿ. ‘ಊಟ’ ಮೊದಲು ಬಂದರೆ ‘ಕಟ್ಟೆ’ ಬರುವುದಿಲ್ಲ.

ಪ್ರಶ್ನೆ: ನಾನು ಮನೆಯಲ್ಲೇ ಉಪ್ಪಿನಕಾಯಿ ಮಾಡಿ ಮಾರುತ್ತೇನೆ. ಮಜ್ಜಿಗೆಗೆ ಒಂದು ಚಿಟಿಕೆ ಉಪ್ಪು ಹೆಚ್ಚಾದರೂ ಗೊತ್ತಾಗುತ್ತದೆ, ಉಪ್ಪಿನಕಾಯಿಗೆ ಒಂದು ಹಿಡಿ ಹೆಚ್ಚಾದರೂ ಗೊತ್ತಾಗುವುದಿಲ್ಲ. ಯಾಕೆ? ಮನೆಯವರಿಗೆ ಬಿಪಿ ಇದೆ, ಅವರಿಗೆ ತಿಳಿಯದ ಹಾಗೆ ಉಪ್ಪು ಕಡಿಮೆ ಮಾಡಬಹುದಾ?

ಉತ್ತರ: ನೀವು ಉಪ್ಪಿನಲ್ಲಿ ಕಂಡದ್ದನ್ನು 1830ರ ದಶಕದಲ್ಲಿ ಜರ್ಮನಿಯ ಲೈಪ್‌ಜಿಗ್‌ನಲ್ಲಿ ಅರ್ನ್ಸ್ಟ್ ವೇಬರ್ ಎಂಬ ಪ್ರೊಫೆಸರ್ ತೂಕದಲ್ಲಿ ಕಂಡಿದ್ದರು. ಕೈಯಲ್ಲಿ ಎರಡು ತೂಕ ಎತ್ತಿ ನೋಡಿ ಯಾವುದು ಭಾರ ಅಂತ ಹೇಳಬೇಕು. ಸುಮಾರು 40ರಲ್ಲಿ 1 ಪಾಲು ವ್ಯತ್ಯಾಸ ಇದ್ದರೆ ಗೊತ್ತಾಗುತ್ತದೆ. ಅಂದರೆ 400 ಗ್ರಾಂ ಚೀಲಕ್ಕೆ 10 ಗ್ರಾಂ ಸೇರಿಸಿದರೆ ಸಾಕು, 4 ಕೆಜಿ ಚೀಲಕ್ಕೆ 100 ಗ್ರಾಂ ಬೇಕು. ಎಷ್ಟು ಸೇರಿಸಿದಿರಿ ಅನ್ನುವುದಕ್ಕಿಂತ ಮೊದಲೇ ಎಷ್ಟಿತ್ತು ಅನ್ನುವುದು ಮುಖ್ಯ. ಮಜ್ಜಿಗೆಯಲ್ಲಿ ಉಪ್ಪು ಮೊದಲೇ ಕಡಿಮೆ, ಚಿಟಿಕೆಯೇ ದೊಡ್ಡ ಪಾಲು. ಉಪ್ಪಿನಕಾಯಿಯಲ್ಲಿ ಹಿಡಿಯೂ ಸಣ್ಣ ಪಾಲು. ಅದೇ ಊರಿನ ಗುಸ್ಟಾವ್ ಫೆಕ್ನರ್ ಎಂಬುವರಿಗೆ 1850ರ ಅಕ್ಟೋಬರ್ 22ರ ಬೆಳಿಗ್ಗೆ ಹಾಸಿಗೆಯಲ್ಲಿ ಇರುವಾಗಲೇ, ಇದನ್ನು ಹಿಡಿದು ಮನಸ್ಸಿನ ಅನುಭವವನ್ನೂ ಅಳೆಯಬಹುದು ಅಂತ ಹೊಳೆಯಿತು.

ಉಪ್ಪಿನ ರುಚಿಯ ವ್ಯತ್ಯಾಸ ತಿಳಿಯಲು ತೂಕಕ್ಕಿಂತ ದೊಡ್ಡ ಪಾಲು ಬೇಕು, ಸುಮಾರು 100ಕ್ಕೆ 8 ಅಂತ ಪಠ್ಯಪುಸ್ತಕಗಳ ಲೆಕ್ಕ. ಇದು ನಿಮಗೆ ಅನುಕೂಲ. ಸಾರಿಗೆ 10 ಗ್ರಾಂ ಹಾಕುತ್ತಿದ್ದರೆ ಈ ವಾರ ಒಂಬತ್ತೂವರೆ ಹಾಕಿ. ಎರಡು ವಾರ ಬಿಟ್ಟು 9. ಚಮಚದಲ್ಲಿ ಅಂದಾಜು ಬೇಡ, ಚಿಕ್ಕ ತಕ್ಕಡಿಯಲ್ಲಿ ತೂಗಿ. ಪ್ರತಿ ಸಲದ ಇಳಿತ ವ್ಯತ್ಯಾಸ ತಿಳಿಯುವ ಹೊಸ್ತಿಲಿನ ಕೆಳಗೇ ಇರುತ್ತದೆ, ನಡುವೆ ನಾಲಿಗೆಯೂ ಒಗ್ಗಿಕೊಳ್ಳುತ್ತದೆ. ಬ್ರಿಟನ್‌ನಲ್ಲಿ ಅಂಗಡಿಯ ಬ್ರೆಡ್ಡಿನ ಉಪ್ಪನ್ನು ಹೀಗೇ ಸ್ವಲ್ಪ ಸ್ವಲ್ಪವಾಗಿ ಇಳಿಸಿದರು, 2001ರಿಂದ 2011ರೊಳಗೆ ಸುಮಾರು ಐದರಲ್ಲಿ ಒಂದು ಪಾಲು ಕಡಿಮೆಯಾಯಿತು. ದಿನಕ್ಕೆ ಒಬ್ಬರಿಗೆ 5 ಗ್ರಾಂಗಿಂತ ಕಡಿಮೆ ಸಾಕು ಅನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಮನೆಯವರಿಂದ ಮುಚ್ಚಿಡುವುದಕ್ಕಿಂತ ಒಂದು ಮಾತು ಹೇಳಿಯೇ ಶುರು ಮಾಡಿ ಅಂತ ನನ್ನ ಆಸೆ. ಹೇಳಿದರೂ ನಾಲಿಗೆಗೆ ಗೊತ್ತಾಗುವುದಿಲ್ಲ. ಮಾರುವ ಉಪ್ಪಿನಕಾಯಿಯಲ್ಲಿ ಮಾತ್ರ ಈ ಪ್ರಯೋಗ ಬೇಡ. ಅಲ್ಲಿ ಉಪ್ಪು ಇರುವುದು ಕೆಡದಿರಲು.

ಪ್ರಶ್ನೆ: ಬಿ.ಎ. ವಿದ್ಯಾರ್ಥಿನಿ ನಾನು. ಕತ್ತಲ ರಾತ್ರಿಯಲ್ಲಿ ಮೇಣದಬತ್ತಿಯ ಬೆಳಕು 48 ಕಿಲೋಮೀಟರ್ ದೂರದಿಂದ ಕಾಣುತ್ತದೆ ಅಂತ ನೋಟ್ಸ್‌ನಲ್ಲಿದೆ. ಹಾಗಾದರೆ ನಂದಿಬೆಟ್ಟದ ಮೇಲೆ ನಿಂತರೆ ಬೆಂಗಳೂರಿನ ಹೊರಗಿನ ಮೇಣದಬತ್ತಿ ಕಾಣಬೇಕಲ್ವಾ?

ಉತ್ತರ: ಕಾಣುವುದಿಲ್ಲ. ಒಳ್ಳೆಯ ಅನುಮಾನ, ಬಿಡಬೇಡಿ. 1962ರಲ್ಲಿ ಅಮೆರಿಕದ ಮನಃಶಾಸ್ತ್ರಜ್ಞ ಯೂಜೀನ್ ಗ್ಯಾಲಂಟರ್ ಬರೆದ ಈ ಮಾತು ಪುಸ್ತಕದಿಂದ ಪುಸ್ತಕಕ್ಕೆ ಹಾಗೇ ಇಳಿದು ಬಂದಿದೆ. 2015ರಲ್ಲಿ ಇಬ್ಬರು ವಿಜ್ಞಾನಿಗಳು ಮೇಣದಬತ್ತಿಯ ಬೆಳಕನ್ನು ನಕ್ಷತ್ರಗಳ ಜೊತೆ ಹೋಲಿಸಿ ಲೆಕ್ಕ ಹಾಕಿದಾಗ ಬರಿಗಣ್ಣಿಗೆ ಕಾಣುವ ದೂರ ಸುಮಾರು 2.6 ಕಿಲೋಮೀಟರ್ ಅಂತ ಬಂತು. ದೂರ ಎರಡು ಪಟ್ಟಾದರೆ ಬೆಳಕು ನಾಲ್ಕರಲ್ಲಿ ಒಂದಾಗುತ್ತದೆ. ಆ ಪ್ರಕಾರ 48 ಕಿಲೋಮೀಟರ್‌ನಲ್ಲಿ ಸಿಗುವುದು 2.6ರಲ್ಲಿ ಸಿಗುವುದರ ಸುಮಾರು 340ರಲ್ಲಿ ಒಂದು ಪಾಲು.

ಹಾಗಂತ ಕಣ್ಣನ್ನು ಕಡಿಮೆ ಅಂದುಕೊಳ್ಳಬೇಡಿ. 1942ರಲ್ಲಿ ಹೆಕ್ಟ್, ಶ್ಲೇರ್, ಪಿರೆನ್ ಎಂಬ ಮೂವರು ನ್ಯೂಯಾರ್ಕ್‌ನಲ್ಲಿ ಅಳೆದು ನೋಡಿದರು. ಕತ್ತಲೆಗೆ ಪೂರ್ತಿ ಒಗ್ಗಿದ ಕಣ್ಣಿನ ಪರದೆ 5ರಿಂದ 14 ಬೆಳಕಿನ ಕಣಗಳನ್ನು ಹೀರಿಕೊಂಡರೂ ‘ಮಿಂಚಿತು’ ಅನ್ನಿಸುತ್ತದೆ ಅಂತ ಅವರ ಲೆಕ್ಕ. ಹೊಸ್ತಿಲು ಅಂದರೆ ಗೆರೆ ಎಳೆದ ಹಾಗೆ ಅಲ್ಲ ಎಂಬುದನ್ನೂ ನೆನಪಿಡಿ. ಅದೇ ಬೆಳಕು ಒಂದು ಸಲ ಕಾಣುತ್ತದೆ, ಇನ್ನೊಂದು ಸಲ ಇಲ್ಲ. 100ಕ್ಕೆ 50 ಸಲ ಕಂಡರೆ ಅದನ್ನೇ ಹೊಸ್ತಿಲು ಅಂತ ಒಪ್ಪಿಕೊಂಡಿದ್ದಾರೆ, ಅಷ್ಟೇ. ‘ಅಲ್ಲೇನೋ ಮಿಣುಕಿತು’ ಅನ್ನುವವರೆಗೆ ಸಂವೇದನೆ, ‘ಯಾರೋ ದೀಪ ಹಚ್ಚಿದ್ದಾರೆ’ ಅಂದ ಕೂಡಲೇ ಗ್ರಹಿಕೆ. ಹಗ್ಗವನ್ನು ಹಾವು ಅಂದುಕೊಂಡವನ ಉದಾಹರಣೆ ಶಂಕರರ ವೇದಾಂತದಲ್ಲಿ ನೀವು ಕೇಳಿರುತ್ತೀರಿ. ಪರೀಕ್ಷೆಯಲ್ಲಿ ಅದನ್ನೂ ಧೈರ್ಯವಾಗಿ ಬರೆಯಿರಿ.

ಪ್ರಶ್ನೆ: ಜೇಬಿನಲ್ಲಿ ಫೋನ್ ನಡುಗಿದ ಹಾಗಾಗುತ್ತದೆ. ತೆಗೆದು ನೋಡಿದರೆ ಏನೂ ಇಲ್ಲ. ನರದ ತೊಂದರೆಯಾ?

ಉತ್ತರ: ಅದೊಂದೇ ಆದರೆ ಹೆದರಬೇಕಾಗಿಲ್ಲ, ತುಂಬಾ ಜನಕ್ಕೆ ಆಗುತ್ತದೆ. ಬಟ್ಟೆ ಉಜ್ಜಿದ್ದು, ಸ್ನಾಯು ಸಣ್ಣಗೆ ಅದುರಿದ್ದು, ಇಂಥವು ಯಾವಾಗಲೂ ನಡೆಯುತ್ತಲೇ ಇರುತ್ತವೆ. ಒಂದು ಮುಖ್ಯವಾದ ಕರೆಗೆ ಕಾಯುತ್ತಿರುವಾಗ ಮನಸ್ಸು ‘ತಪ್ಪಿಹೋಗುವುದಕ್ಕಿಂತ ಸುಮ್ನೆ ಒಂದು ಸಲ ನೋಡೋದು ಮೇಲು’ ಅಂತ ತೀರ್ಮಾನಿಸಿರುತ್ತದೆ. ನಮ್ಮಮ್ಮ ಪರೀಕ್ಷೆಯ ಕೋಣೆಯಲ್ಲಿ ಸದ್ದೇ ಇಲ್ಲದಾಗಲೂ ಕೆಲವು ಸಲ ಗುಂಡಿ ಒತ್ತಿದರು, ಒಂದೂ ತಪ್ಪಿಸಿಕೊಳ್ಳಬಾರದು ಅನ್ನುವ ಆತಂಕದಲ್ಲಿ. ನಿಮ್ಮ ತೊಡೆಯೂ ಅದನ್ನೇ ಮಾಡುತ್ತಿದೆ. ಒಂದು ವಾರ ಫೋನನ್ನು ಚೀಲದಲ್ಲಿಟ್ಟು ನೋಡಿ.

ಪ್ರಶ್ನೆ: ನಮ್ಮಕ್ಕನ ಮಗಳಿಗೆ 9 ವರ್ಷ. ಹುಟ್ಟಿದಾಗಿನಿಂದ ಎರಡೂ ಕಣ್ಣಲ್ಲಿ ಪೊರೆ ಇತ್ತು. ಎರಡು ತಿಂಗಳ ಹಿಂದೆ ಆಪರೇಷನ್ ಆಯಿತು. ಬಣ್ಣ ಹೇಳುತ್ತಾಳೆ, ದೀಪದ ಕಡೆ ನೋಡುತ್ತಾಳೆ. ಆದರೆ ಮುಂದಿಟ್ಟ ಚೊಂಬನ್ನು ನೋಡಿ ಏನೆಂದು ಹೇಳುವುದಿಲ್ಲ, ಮುಟ್ಟಿದ ತಕ್ಷಣ ‘ಚೊಂಬು’ ಅನ್ನುತ್ತಾಳೆ. ಆಪರೇಷನ್ ಸರಿಯಾಗಿಲ್ಲವಾ?

ಉತ್ತರ: ನೀವು ಬರೆದದ್ದಷ್ಟರಿಂದ ಹಾಗೆ ಅನ್ನಿಸುವುದಿಲ್ಲ. ಡಾಕ್ಟರು ಹೇಳಿದ ದಿನಗಳಂದು ತೋರಿಸುವುದನ್ನು, ಕನ್ನಡಕ ಹಾಕುವುದನ್ನು ತಪ್ಪಿಸಬೇಡಿ. ಉಳಿದದ್ದಕ್ಕೆ ಕಾಯಬೇಕು.

1688ರಲ್ಲಿ ಡಬ್ಲಿನ್‌ನ ವಿಲಿಯಂ ಮಾಲಿನೋ ಎಂಬುವರು ಇಂಗ್ಲೆಂಡಿನ ತತ್ತ್ವಜ್ಞಾನಿ ಜಾನ್ ಲಾಕ್‌ಗೆ ಪತ್ರ ಬರೆದು ಕೇಳಿದ್ದು ನಿಮ್ಮ ಮನೆಯ ಈ ಪ್ರಶ್ನೆಯನ್ನೇ. ಹುಟ್ಟು ಕುರುಡನೊಬ್ಬ ಗೋಲಿಯನ್ನೂ ಚೌಕದ ಗಟ್ಟಿಯನ್ನೂ ಮುಟ್ಟಿ ಬಲ್ಲ. ಅವನಿಗೆ ಕಣ್ಣು ಬಂದರೆ, ಮುಟ್ಟದೇ ಯಾವುದು ಯಾವುದು ಅಂತ ಹೇಳುತ್ತಾನಾ? ಮಾಲಿನೋ ಅವರ ಹೆಂಡತಿಗೂ ಕಣ್ಣು ಹೋಗಿತ್ತು. ಈ ಪ್ರಶ್ನೆಗೆ ಗಟ್ಟಿಯಾದ ಉತ್ತರ ಸಿಕ್ಕಿದ್ದು 2011ರಲ್ಲಿ, ಅದೂ ನಮ್ಮ ದೇಶದ ಮಕ್ಕಳಿಂದ. ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದಲ್ಲಿರುವ ಪವನ್ ಸಿನ್ಹಾ ಅವರ ಪ್ರಾಜೆಕ್ಟ್ ಪ್ರಕಾಶ್ ಭಾರತದಲ್ಲಿ ಇಂಥ ಮಕ್ಕಳನ್ನು ಹುಡುಕಿ ಚಿಕಿತ್ಸೆ ಕೊಡಿಸುತ್ತದೆ. 8ರಿಂದ 17 ವರ್ಷದ ಐದು ಜನರನ್ನು ಆಪರೇಷನ್ ಆದ ಕೂಡಲೇ ಪರೀಕ್ಷಿಸಿದರು. ನೋಡಿದ್ದನ್ನು ನೋಡಿ ಗುರುತಿಸಿದರು, ಮುಟ್ಟಿದ್ದನ್ನು ಮುಟ್ಟಿ ಗುರುತಿಸಿದರು. ಮುಟ್ಟಿದ್ದನ್ನು ನೋಡಿ ಗುರುತಿಸಿ ಅಂದಾಗ ಮಾತ್ರ ಬರೀ ಊಹೆ. ಕೆಲವೇ ದಿನಗಳಲ್ಲಿ ಅದೂ ಸುಧಾರಿಸಲು ಶುರುವಾಯಿತು.

ನಿಮ್ಮ ಹುಡುಗಿಯ ಕಣ್ಣಿಗೆ ಚೊಂಬಿನ ಬೆಳಕು, ಬಣ್ಣ ಎಲ್ಲ ತಲುಪುತ್ತಿದೆ. ಅದು ಎಲ್ಲಿ ಮುಗಿದು ಅದರ ನೆರಳು ಎಲ್ಲಿ ಶುರುವಾಯಿತು, ಹಿಂದಿನ ತಟ್ಟೆ ಬೇರೆಯಾ ಚೊಂಬಿನದೇ ತುಂಡಾ, ಇದನ್ನೆಲ್ಲ ನಾವು ಮಗುವಾಗಿದ್ದಾಗಲೇ ಕಲಿತು ಮರೆತಿದ್ದೇವೆ. ಅವಳು ಈಗ ಕಲಿಯುತ್ತಿದ್ದಾಳೆ. ವಸ್ತು ಅಲುಗಾಡಿದರೆ ಬೇಗ ಬೇರೆಯಾಗಿ ಕಾಣುತ್ತದೆ ಎಂಬುದೂ ಪ್ರಕಾಶ್ ತಂಡದ ಕೆಲಸದಿಂದಲೇ ತಿಳಿದದ್ದು. ಹಾಗಾಗಿ ಚೊಂಬನ್ನು ಒಂದೇ ಬಣ್ಣದ ಬಟ್ಟೆಯ ಮೇಲೆ ಒಂಟಿಯಾಗಿಟ್ಟು, ಮೆಲ್ಲಗೆ ಆಚೀಚೆ ಸರಿಸಿ ತೋರಿಸಿ. ಆಮೇಲೆ ಕೈಗೆ ಕೊಡಿ. ಮುಟ್ಟುತ್ತಲೇ ನೋಡಲಿ. ಮುಟ್ಟಬೇಡ, ನೋಡಿ ಹೇಳು ಅಂತ ಯಾರೂ ಗದರಬೇಡಿ, ಅವಳಿಗೆ ಸದ್ಯಕ್ಕೆ ಕೈಯೇ ಮೇಷ್ಟ್ರು. ಚೊಂಬು ಆದ ಮೇಲೆ ಲೋಟ, ಆಮೇಲೆ ಚೊಂಬು ಲೋಟ ಎರಡೂ ಪಕ್ಕಪಕ್ಕ.

ಇನ್ನೆರಡು ತಿಂಗಳು ಬಿಟ್ಟು ಮತ್ತೆ ಬರೆಯಿರಿ. ಅವಳು ಮುಟ್ಟದೇ ಹೆಸರು ಹೇಳಿದ ಮೊದಲ ವಸ್ತು ಯಾವುದು ಅಂತ ನನಗೆ ತಿಳಿಯಬೇಕು.