ಹುಣಸೆಹಣ್ಣು ಹಚ್ಚಿದ ಬಿದ್ರಿ ಹುಕ್ಕಾ

ನಿಮ್ಮ ಬಿದ್ರಿ ಹುಕ್ಕಾದ ಕಪ್ಪು ಹೋದದ್ದಕ್ಕೆ ಹುಣಸೆಹಣ್ಣಿನ ಹುಳಿಯೇ ಕಾರಣ ಅನ್ನಿಸುತ್ತದೆ. ಬೀದರಿನಲ್ಲಿ ಕೊಂಡ ಹಳೇ ಹುಕ್ಕಾದ ನೀರಿನ ಪಾತ್ರೆಯನ್ನು ಹುಣಸೆಹಣ್ಣಿನಿಂದ ಉಜ್ಜಿದೆ, ಕಪ್ಪು ಹೋಗಿ ಬೂದಿ ಬಣ್ಣ ಬಂತು ಅಂತ ಬರೆದಿದ್ದೀರಿ. ಹಿತ್ತಾಳೆಗೆ ಹುಣಸೆ ಸರಿ, ಬಿದ್ರಿಗೆ, ಅಂದರೆ ಕಪ್ಪು ಲೋಹದಲ್ಲಿ ಬೆಳ್ಳಿ ಕೂರಿಸಿದ ಈ ಕುಸುರಿಗೆ, ಬೇಡ. ಇದರಲ್ಲಿ ಇರುವುದು ಬಹುಪಾಲು ಸತು, ಸ್ವಲ್ಪ ತಾಮ್ರ. ಸತುವನ್ನು ಹುಳಿ ತಿನ್ನುತ್ತದೆ. ಆ ಕಪ್ಪು ಬಳಿದ ಬಣ್ಣವಲ್ಲ. ಬೀದರ್ ಕೋಟೆಯ ಮಣ್ಣಿಗೆ ನವಸಾಗರ (ಅಮೋನಿಯಂ ಕ್ಲೋರೈಡ್) ಬೆರೆಸಿ, ಅದರಿಂದ ಲೋಹಕ್ಕೇ ಬರಿಸಿದ್ದು. ಬೆಳ್ಳಿ ಹೊಳೆಯುತ್ತಲೇ ಇರುತ್ತದೆ, ಸುತ್ತಲ ಲೋಹ ಮಾತ್ರ ಕಪ್ಪಾಗುತ್ತದೆ. ಈ ಕಪ್ಪು ಪದರ ತುಂಬ ತೆಳು.

ಮೊದಲು ಬರೀ ನೀರಿನಲ್ಲಿ ಒಳಗೂ ಹೊರಗೂ ತೊಳೆದು ಹುಳಿ ಪೂರ್ತಿ ತೆಗೆಯಿರಿ. ತಕ್ಷಣ ಒರೆಸಿ, ಚೆನ್ನಾಗಿ ಒಣಗಿಸಿ. ಮೆತ್ತನೆಯ ಹತ್ತಿ ಬಟ್ಟೆಗೆ ಎರಡು ಹನಿ ಕೊಬ್ಬರಿ ಎಣ್ಣೆ ಹಾಕಿ ತೆಳ್ಳಗೆ ಸವರಿ, ಒಂದು ರಾತ್ರಿ ಬಿಡಿ. ಕಪ್ಪು ಅಲ್ಪಸ್ವಲ್ಪ ಉಳಿದಿದ್ದರೆ ಗಾಢವಾಗುತ್ತದೆ. ಬೆಳ್ಳಿ ಪಾಲಿಶ್ ಮಾತ್ರ ಹಚ್ಚಬೇಡಿ.

ಅಷ್ಟಕ್ಕೂ ಬೂದಿಯಾಗೇ ಇದ್ದರೆ ಬೀದರಿನ ಬಿದ್ರಿ ಕುಶಲಕರ್ಮಿಗಳ ಹತ್ತಿರ ಒಯ್ಯಿರಿ, ಅವರು ಮತ್ತೆ ಕಪ್ಪು ಕೂರಿಸುತ್ತಾರೆ. ಆದರೆ ಅದಕ್ಕೆ ಮುಂಚೆ ಆಕಾರ ನೋಡಿ. ಪಾತ್ರೆ ಚೆಂಡಿನಂತೆ ದುಂಡಗಿದ್ದು, ನಿಲ್ಲಿಸಲು ಬಳೆಯಂಥ ಆಸರೆ ಬೇಕಿದ್ದರೆ ಅದು ಹಳೆಯ ಮಾದರಿ. ಗಂಟೆಯಂತೆ ಚಪ್ಪಟೆ ತಳದ್ದು ಆಮೇಲೆ ಬಂದದ್ದು. ಹಳೇ ಮಾದರಿಯನ್ನು ಈಗಲೂ ಮಾಡಬಹುದು, ಹಾಗಾಗಿ ಆಕಾರವೊಂದೇ ಸಾಕ್ಷಿ ಅಲ್ಲ. ನಿಜಕ್ಕೂ ಹಳೆಯದು ಅನ್ನಿಸಿದರೆ ನಾನಾಗಿದ್ದರೆ ಎಣ್ಣೆಗೇ ನಿಲ್ಲಿಸುತ್ತಿದ್ದೆ. ಕೊಟ್ಟರೂ ಫೋಟೊ ತೆಗೆದಿಟ್ಟು, ಅರ ಹಾಕಬೇಡಿ, ಬೆಳ್ಳಿ ತಂತಿ ಮುಟ್ಟಬೇಡಿ ಅಂತ ಸ್ಪಷ್ಟವಾಗಿ ಹೇಳಿ.